‘ಸ್ಟೇಷನ್‌ಗೆ ಬಂದು ಹೋಗಿ’: ಪೊಲೀಸ್ ಕಿರುಕುಳದ ವಿರುದ್ಧ ಹೈಕೋರ್ಟ್ ಅರ್ಜಿ ಏನು ಮಾಡುತ್ತೆ, ಏನು ಮಾಡಲ್ಲ

ಫೋನ್ ಬರುತ್ತೆ. ‘ಸ್ಟೇಷನ್‌ನಿಂದ ಮಾತಾಡ್ತಿರೋದು. ಸಾಹೇಬ್ರು ಕರೀತಿದಾರೆ, ಒಂದ್ಸಲ ಬಂದು ಹೋಗಿ.’ ಯಾವ ಕೇಸು, ನಾನು ಸಾಕ್ಷಿಯೋ ಆರೋಪಿಯೋ, ನೋಟಿಸ್ ಇದೆಯಾ ಅಂತ ಕೇಳಿದರೆ ಉತ್ತರ ಒಂದೇ: ‘ಬನ್ನಿ, ಹೇಳ್ತೀವಿ.’ ಹೋದರೆ ಬೆಳಗ್ಗೆಯಿಂದ ಸಂಜೆವರೆಗೆ ಬೆಂಚಿನ ಮೇಲೆ ಕೂರಬೇಕು. ಸಂಜೆ ಮೊಬೈಲ್ ಇಟ್ಟುಕೊಂಡು ‘ನಾಳೆ ಬನ್ನಿ’ ಅಂತಾರೆ. ನಾಳೆಯೂ ಅದೇ. ಹೊಡೆತ ಇಲ್ಲ, ಲಾಕಪ್ ಇಲ್ಲ, ಬಂಧನವೂ ಇಲ್ಲ. ಹಾಗಾಗಿ ಇದನ್ನು ಕಿರುಕುಳ ಅಂತ ಯಾರಿಗೂ ತೋರಿಸೋಕೆ ಆಗಲ್ಲ.

ನಾನು ಕೋರ್ಟ್ ಕಲಾಪಗಳ ಬಗ್ಗೆ ಬರೆಯುವವನು. ಹೈಕೋರ್ಟ್‌ನ ದಿನದ ಪಟ್ಟಿ ನೋಡುವಾಗ ಪದೇ ಪದೇ ಕಣ್ಣಿಗೆ ಬೀಳುವ ಒಂದು ಜಾತಿಯ ಅರ್ಜಿ ಇದೆ: ‘ತನಿಖೆಯ ನೆಪದಲ್ಲಿ ಅರ್ಜಿದಾರರಿಗೆ ಕಿರುಕುಳ ಕೊಡದಂತೆ ಪೊಲೀಸರಿಗೆ ನಿರ್ದೇಶನ ನೀಡಬೇಕು.’ ಇವುಗಳಲ್ಲಿ ಬಹುಪಾಲು ಐದೇ ನಿಮಿಷದಲ್ಲಿ ಮುಗಿದುಹೋಗುತ್ತವೆ. ಸರ್ಕಾರಿ ವಕೀಲರು ಎದ್ದು ನಿಂತು, ‘ಕಿರುಕುಳ ಕೊಟ್ಟಿಲ್ಲ ಸ್ವಾಮಿ, ವಿಚಾರಣೆಗೆ ಕರೆದಿದ್ದೇವೆ ಅಷ್ಟೇ, ಕಾನೂನು ಪ್ರಕಾರ ನಡೆದುಕೊಳ್ಳುತ್ತೇವೆ’ ಅಂತಾರೆ. ನ್ಯಾಯಮೂರ್ತಿಗಳು ಆ ಮಾತನ್ನು ದಾಖಲಿಸಿಕೊಂಡು, ಕಾನೂನು ಪಾಲಿಸಿ ಎಂದು ಹೇಳಿ ಅರ್ಜಿಯನ್ನು ಇತ್ಯರ್ಥ ಮಾಡುತ್ತಾರೆ. ಅರ್ಜಿದಾರ ಗೆದ್ದೆ ಅಂದುಕೊಂಡು ಮನೆಗೆ ಹೋಗುತ್ತಾನೆ. ವಾರ ಬಿಟ್ಟು ಮತ್ತೆ ಫೋನ್ ಬರುತ್ತೆ.

ಈ ಬರಹದಲ್ಲಿ ನಾನು ಹೇಳಬೇಕಿರೋದು ಇಷ್ಟೇ: ಹೈಕೋರ್ಟ್ ಅರ್ಜಿ ತನಿಖೆಯನ್ನು ನಿಲ್ಲಿಸುವ ಅಸ್ತ್ರ ಅಲ್ಲ. ಬಾಯಿಮಾತಿನಲ್ಲಿ ನಡೆಯುತ್ತಿರುವುದನ್ನು ಕಾಗದಕ್ಕೆ ಇಳಿಸುವ ಸಾಧನ ಅದು. ಹಾಗೆ ಬಳಸಿದವರಿಗೆ ಒಂದಿಷ್ಟು ಫಲ ಸಿಗುತ್ತೆ. ‘ಕಿರುಕುಳ ನಿಲ್ಲಿಸಿ’ ಅಂತ ಮಾತ್ರ ಕೇಳಿದವರಿಗೆ ‘ಕಾನೂನು ಪಾಲಿಸಿ’ ಎಂಬ ಒಂದು ಸಾಲು ಸಿಗುತ್ತೆ.

ಮೊದಲ ಪ್ರಶ್ನೆ: ನಿಮ್ಮನ್ನು ಯಾವ ಸೆಕ್ಷನ್‌ನಲ್ಲಿ ಕರೆದಿದ್ದಾರೆ?

2024ರ ಜುಲೈ 1ರಿಂದ ಹಳೆಯ ಸಿಆರ್‌ಪಿಸಿ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಂದರೆ ಬಿಎನ್‌ಎಸ್‌ಎಸ್ ಬಂದಿದೆ. ನಂಬರ್‌ಗಳು ಬದಲಾಗಿವೆ, ಚೌಕಟ್ಟು ಹೆಚ್ಚು ಬದಲಾಗಿಲ್ಲ. ತನಿಖೆಗೆ ಜನರನ್ನು ಕರೆಸಲು ಪೊಲೀಸರು ಮುಖ್ಯವಾಗಿ ಬಳಸುವ ದಾರಿ ಎರಡು.

ಒಂದು, ಸೆಕ್ಷನ್ 179. ಹಳೆಯದರಲ್ಲಿ ಇದು 160. ಪ್ರಕರಣದ ಬಗ್ಗೆ ಮಾಹಿತಿ ಇರುವವರನ್ನು, ಅಂದರೆ ಸಾಕ್ಷಿಗಳನ್ನು ಕರೆಸೋದಕ್ಕೆ ಇದು. ಕಾನೂನಿನಲ್ಲೇ ಎರಡು ಮಿತಿಗಳಿವೆ, ಠಾಣೆಗಳಲ್ಲಿ ಎರಡನ್ನೂ ಮರೆತಂತೆ ಕಾಣುತ್ತೆ. ಮೊದಲನೆಯದು, ಆದೇಶ ಲಿಖಿತವಾಗಿರಬೇಕು. ಎರಡನೆಯದು, ಕರೆಸಬಹುದಾದದ್ದು ಆ ಠಾಣೆಯ ಅಥವಾ ಪಕ್ಕದ ಠಾಣೆಯ ವ್ಯಾಪ್ತಿಯಲ್ಲಿರುವವರನ್ನು ಮಾತ್ರ. ಇದರ ಜೊತೆಗೆ ಇನ್ನೊಂದು ರಕ್ಷಣೆ ಇದೆ: ಮಹಿಳೆಯರು, 15 ವರ್ಷದೊಳಗಿನ ಮತ್ತು 60 ದಾಟಿದ ಗಂಡಸರು, ಅಂಗವಿಕಲರು, ತೀವ್ರ ಕಾಯಿಲೆ ಇರುವವರು ಇವರ್ಯಾರನ್ನೂ ಠಾಣೆಗೆ ಬನ್ನಿ ಅನ್ನುವಂತಿಲ್ಲ. ಅವರ ಮನೆಗೇ ಹೋಗಿ ವಿಚಾರಿಸಬೇಕು. ಅವರೇ ಒಪ್ಪಿ ಬಂದರೆ ಬೇರೆ ಮಾತು. ಹಳೆಯ ಕಾನೂನಿನಲ್ಲಿ 65 ಇದ್ದ ವಯಸ್ಸನ್ನು ಹೊಸದರಲ್ಲಿ 60ಕ್ಕೆ ಇಳಿಸಿದ್ದಾರೆ. ಹೊಸ ಸಂಹಿತೆಗಳ ಬಗ್ಗೆ ನನಗೆ ತಕರಾರು ಬಹಳ ಇವೆ, ಇದು ಮಾತ್ರ ಒಳ್ಳೆಯ ಬದಲಾವಣೆ.

ಮಹಿಳೆಯನ್ನು ಠಾಣೆಗೆ ಕರೆಸಿದ್ದರ ಬಗ್ಗೆ ಸುಪ್ರೀಂ ಕೋರ್ಟ್ ಕಟುವಾಗಿ ಮಾತಾಡಿದ್ದು 1978ರಷ್ಟು ಹಿಂದೆ. ಒಡಿಶಾದ ಮಾಜಿ ಮುಖ್ಯಮಂತ್ರಿ ನಂದಿನಿ ಸತ್ಪತಿ ಅವರನ್ನು ಅಕ್ರಮ ಆಸ್ತಿ ಪ್ರಕರಣದಲ್ಲಿ ಠಾಣೆಗೆ ಕರೆಸಿ, ಉದ್ದದ ಪ್ರಶ್ನಾವಳಿ ಮುಂದಿಟ್ಟಿದ್ದರು. ಅವರು ಉತ್ತರಿಸಲಿಲ್ಲ, ಅದಕ್ಕೇ ಕೇಸ್ ಹಾಕಿದರು. ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರ ಪೀಠ ಮಹಿಳೆಯನ್ನು ಹೀಗೆ ಕರೆಸಿದ್ದು ಕಾನೂನಿಗೆ ವಿರುದ್ಧ ಎಂದಿತು. ಸಂವಿಧಾನದ 20(3)ನೇ ವಿಧಿಯಡಿ ನಮ್ಮ ವಿರುದ್ಧ ನಾವೇ ಸಾಕ್ಷಿ ಹೇಳದಿರುವ ಹಕ್ಕು ಪೊಲೀಸ್ ವಿಚಾರಣೆಯ ಹಂತದಲ್ಲೇ ಅನ್ವಯವಾಗುತ್ತೆ, ಕೋರ್ಟ್ ಕಟಕಟೆವರೆಗೆ ಕಾಯಬೇಕಿಲ್ಲ ಎಂದೂ ಹೇಳಿತು. ಮಾಜಿ ಮುಖ್ಯಮಂತ್ರಿಗೇ ಸುಪ್ರೀಂ ಕೋರ್ಟ್‌ವರೆಗೆ ಹೋಗಬೇಕಾಯಿತು ಅನ್ನೋದನ್ನೂ ಗಮನಿಸಿ.

ಹೆಚ್ಚು ಜನಕ್ಕೆ ಗೊತ್ತಿಲ್ಲದ ವಿಷಯ ಇನ್ನೊಂದಿದೆ. ಕಾನೂನು ನಿಷೇಧಿಸಿದ ರೀತಿಯಲ್ಲಿ ಗೊತ್ತಿದ್ದೂ ಯಾರನ್ನಾದರೂ ತನಿಖೆಗೆ ಕರೆಸುವುದು ಸ್ವತಃ ಒಂದು ಅಪರಾಧ. 2013ರ ತಿದ್ದುಪಡಿಯಲ್ಲಿ ಐಪಿಸಿಗೆ ಸೇರಿದ 166ಎ ಇದನ್ನು ಹೇಳುತ್ತಿತ್ತು, ಈಗ ಅದು ಭಾರತೀಯ ನ್ಯಾಯ ಸಂಹಿತೆಯ ಸೆಕ್ಷನ್ 199. ಕನಿಷ್ಠ 6 ತಿಂಗಳು, ಗರಿಷ್ಠ 2 ವರ್ಷ ಕಠಿಣ ಸಜೆ. ಅರ್ಜಿಯಲ್ಲಿ ಈ ಸೆಕ್ಷನ್ ಹೆಸರು ಬಂದರೆ ಸರ್ಕಾರಿ ವಕೀಲರು ಸ್ವಲ್ಪ ನೆಟ್ಟಗೆ ಕೂರುತ್ತಾರೆ.

ಎರಡನೆಯ ದಾರಿ ಸೆಕ್ಷನ್ 35(3), ಹಳೆಯ 41ಎ. ಇದು ಆರೋಪಿಗೆ, ಅಥವಾ ಅಪರಾಧ ಮಾಡಿರಬಹುದು ಎಂಬ ಅನುಮಾನ ಇರುವವರಿಗೆ ಕೊಡುವ ನೋಟಿಸ್. ಬಂಧಿಸುವ ಅಗತ್ಯ ಇಲ್ಲದಿದ್ದಾಗ ಇದನ್ನು ಕೊಡಬೇಕು. ನೋಟಿಸ್ ಪಾಲಿಸುತ್ತಾ ಹೋದವರನ್ನು ಕಾರಣ ದಾಖಲಿಸದೆ ಬಂಧಿಸುವಂತಿಲ್ಲ, ಪಾಲಿಸದಿದ್ದರೆ ಬಂಧಿಸಬಹುದು. 7 ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಯಾಂತ್ರಿಕವಾಗಿ ಬಂಧಿಸಬೇಡಿ ಎಂದು 2014ರಲ್ಲಿ ಅರ್ನೇಶ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಮೀರಿದ ಅಧಿಕಾರಿಗೆ ಇಲಾಖಾ ಕ್ರಮದ ಜೊತೆ ನ್ಯಾಯಾಂಗ ನಿಂದನೆಯ ಎಚ್ಚರಿಕೆಯನ್ನೂ ಕೊಟ್ಟಿತು. ನಮ್ಮ ಹೈಕೋರ್ಟ್ 2024ರಲ್ಲಿ ಇನ್ನೊಂದು ಹೆಜ್ಜೆ ಮುಂದೆ ಹೋಗಿ, ಇಂಥ ನೋಟಿಸ್‌ನಲ್ಲಿ ಅಪರಾಧ ಸಂಖ್ಯೆ ಇರಬೇಕು, ಎಫ್‌ಐಆರ್ ಪ್ರತಿ ಲಗತ್ತಿಸಬೇಕು ಎಂದಿತು. 2025ರ ಜನವರಿಯಲ್ಲಿ ಸತೇಂದರ್ ಕುಮಾರ್ ಆಂಟಿಲ್ ಪ್ರಕರಣದ ಮುಂದುವರಿಕೆಯಲ್ಲಿ ಸುಪ್ರೀಂ ಕೋರ್ಟ್, ವಾಟ್ಸಾಪ್‌ನಲ್ಲಿ ಕಳಿಸಿದ ನೋಟಿಸ್ ಕಾನೂನು ಹೇಳಿದ ಜಾರಿಗೆ ಬದಲಿ ಅಲ್ಲ ಎಂದು ಸ್ಪಷ್ಟಪಡಿಸಿತು. ಅಂದಮೇಲೆ ‘ವಾಟ್ಸಾಪ್ ಮಾಡಿದೀವಲ್ಲ, ಬರಲಿಲ್ಲ ಯಾಕೆ’ ಎಂಬ ಗದರಿಕೆಗೆ ಈಗ ಆಧಾರ ಇಲ್ಲ. ಹಾಗಂತ ವಾಟ್ಸಾಪ್ ನೋಟಿಸ್ ಬಂದರೆ ಸುಮ್ಮನೆ ಕೂರಬೇಡಿ. ‘ನೋಟಿಸ್ ಕಾನೂನು ಪ್ರಕಾರ ಜಾರಿ ಮಾಡಿ, ಹಾಜರಾಗಲು ಸಿದ್ಧ’ ಅಂತ ಲಿಖಿತವಾಗಿ ಉತ್ತರ ಕೊಡಿ. ಮುಂದೆ ಕೋರ್ಟ್‌ನಲ್ಲಿ ಆ ಒಂದು ಉತ್ತರವೇ ನಿಮ್ಮ ನಡತೆಗೆ ಸಾಕ್ಷಿ.

ಈ ಎರಡು ಸೆಕ್ಷನ್‌ಗಳ ನಡುವಿನ ಜಾರಾಟ ಹೇಗಿರುತ್ತೆ ಅನ್ನೋದಕ್ಕೆ ಬೆಂಗಳೂರಿನದೇ ಉದಾಹರಣೆ ಇದೆ. 2021ರ ಜೂನ್‌ನಲ್ಲಿ ಉತ್ತರ ಪ್ರದೇಶದ ಗಾಜಿಯಾಬಾದ್ ಪೊಲೀಸರು, ಬೆಂಗಳೂರಿನಲ್ಲಿ ವಾಸವಿದ್ದ ಟ್ವಿಟರ್ ಇಂಡಿಯಾದ ಆಗಿನ ಮುಖ್ಯಸ್ಥ ಮನೀಶ್ ಮಾಹೇಶ್ವರಿ ಅವರಿಗೆ ಒಂದು ವಿಡಿಯೋ ಪ್ರಕರಣದಲ್ಲಿ ಮೊದಲು ಸಾಕ್ಷಿ ಎಂದು 160ರ ನೋಟಿಸ್ ಕೊಟ್ಟರು. ಅವರು ವಿಡಿಯೋ ಕಾಲ್‌ನಲ್ಲಿ ಬರ್ತೀನಿ ಅಂದರು. ಕೆಲವೇ ದಿನಗಳಲ್ಲಿ ನೋಟಿಸ್ 41ಎ ಆಗಿ ಬದಲಾಯಿತು, ಗಾಜಿಯಾಬಾದ್‌ಗೇ ಖುದ್ದು ಬನ್ನಿ ಎಂದಾಯಿತು. ಜುಲೈ 23ರಂದು ಕರ್ನಾಟಕ ಹೈಕೋರ್ಟ್‌ನ ನ್ಯಾಯಮೂರ್ತಿ ಜಿ. ನರೇಂದರ್ ಆ ನೋಟಿಸ್ ದುರುದ್ದೇಶದ್ದು ಎಂದು ಹೇಳಿ, ಅದನ್ನು 160ರ ನೋಟಿಸ್ ಎಂದೇ ಪರಿಗಣಿಸಬೇಕು, ಬೇಕಿದ್ದರೆ ವಿಡಿಯೋ ಮೂಲಕ ಅಥವಾ ಅವರ ಮನೆ, ಕಚೇರಿಗೆ ಬಂದು ವಿಚಾರಿಸಿ ಎಂದರು. ಉತ್ತರ ಪ್ರದೇಶದ ಕಡೆಯವರು ಇದನ್ನು ಪ್ರಶ್ನಿಸಿ ಸುಪ್ರೀಂ ಕೋರ್ಟ್‌ಗೆ ಹೋದರು. ಆ ಅರ್ಜಿ ಹೈಕೋರ್ಟ್‌ನಲ್ಲಿ ನಿಂತಿದ್ದು ಕಾಗದ ಇದ್ದದ್ದಕ್ಕೆ. ಎರಡು ನೋಟಿಸ್, ನಡುವೆ ಒಂದು ಉತ್ತರ, ಎಲ್ಲಕ್ಕೂ ತಾರೀಖು ಇತ್ತು. ಫೋನ್ ಕರೆ ಮಾತ್ರ ಇದ್ದಿದ್ದರೆ ಕೋರ್ಟ್ ರದ್ದು ಮಾಡೋದು ಏನನ್ನು?

ಎಫ್‌ಐಆರ್ ಇಲ್ಲದೆಯೇ ಕರೆಯೋದು

ಕೆಟ್ಟ ಕಿರುಕುಳ ನಡೆಯೋದು ಎಫ್‌ಐಆರ್ ಆಗುವ ಮೊದಲೇ. ಠಾಣೆ ಭಾಷೆಯಲ್ಲಿ ಇದಕ್ಕೆ ‘ಪಿಟಿಷನ್ ಎನ್‌ಕ್ವೈರಿ’ ಅಂತಾರೆ. ಯಾರೋ ಒಂದು ಅರ್ಜಿ ಕೊಟ್ಟಿರುತ್ತಾರೆ, ಬಹಳ ಸಲ ಅದು ಸಾಲದ ಜಗಳ, ಸೈಟಿನ ಜಗಳ, ಗಂಡ ಹೆಂಡತಿ ವಿಷಯ. ಕೇಸ್ ದಾಖಲಾಗಿರಲ್ಲ. ಇನ್‌ಸ್ಪೆಕ್ಟರ್ ಎದುರು ಕೂರಿಸಿ ‘ಸೆಟಲ್ ಮಾಡ್ಕೊಳ್ಳಿ, ಇಲ್ಲಾಂದ್ರೆ ಎಫ್‌ಐಆರ್ ಹಾಕ್ತೀನಿ’ ಎಂಬ ಮಾತು ನಡೆಯುತ್ತೆ. ಸಿವಿಲ್ ಜಗಳದ ಹಣ ವಸೂಲಿ ಪೊಲೀಸರ ಕೆಲಸ ಅಲ್ಲ ಎಂದು ಕೋರ್ಟ್‌ಗಳು ಹೇಳಿ ಹೇಳಿ ಸಾಕಾಗಿವೆ.

ಕಾನೂನು ಏನನ್ನುತ್ತೆ? ಸಂಜ್ಞೇಯ ಅಪರಾಧ ಕಂಡರೆ ಎಫ್‌ಐಆರ್ ಹಾಕಲೇಬೇಕು ಎಂದು 2013ರ ಲಲಿತಾ ಕುಮಾರಿ ತೀರ್ಪು ಹೇಳಿತು, ಕೆಲವು ಬಗೆಯ ಪ್ರಕರಣಗಳಲ್ಲಿ ಮಾತ್ರ ಪ್ರಾಥಮಿಕ ವಿಚಾರಣೆಗೆ ಜಾಗ ಬಿಟ್ಟಿತು. ಬಿಎನ್‌ಎಸ್‌ಎಸ್ 173(3) ಆ ಜಾಗವನ್ನು ಅಗಲ ಮಾಡಿದೆ. 3 ವರ್ಷದಿಂದ 7 ವರ್ಷದೊಳಗಿನ ಶಿಕ್ಷೆಯ ಅಪರಾಧಗಳಲ್ಲಿ ಡಿವೈಎಸ್‌ಪಿ ದರ್ಜೆಯ ಅಧಿಕಾರಿಯ ಅನುಮತಿ ಪಡೆದು 14 ದಿನದೊಳಗೆ ಪ್ರಾಥಮಿಕ ವಿಚಾರಣೆ ನಡೆಸಬಹುದು. ಅಸಂಜ್ಞೇಯ ಪ್ರಕರಣವಾದರೆ, ಅಂದರೆ ಎನ್‌ಸಿಆರ್ ಹಾಕಿದ್ದರೆ, ಮ್ಯಾಜಿಸ್ಟ್ರೇಟ್ ಆದೇಶ ಇಲ್ಲದೆ ತನಿಖೆಯನ್ನೇ ಮಾಡುವಂತಿಲ್ಲ. ಆದ್ದರಿಂದ ಎರಡು ತಿಂಗಳಿಂದ ಎಳೆಯುತ್ತಿರುವ ಪಿಟಿಷನ್ ಎನ್‌ಕ್ವೈರಿಗೆ ಕರೆ ಬಂದರೆ ಕೇಳಬೇಕಾದ ಪ್ರಶ್ನೆಗಳು: ಅನುಮತಿ ಯಾರದು, ಯಾವ ದಿನ ಶುರುವಾಯಿತು, 14 ದಿನ ಎಂದು ಮುಗಿಯಿತು? ಹೈಕೋರ್ಟ್ ಅರ್ಜಿಯಲ್ಲಿ ಗಟ್ಟಿಯಾಗಿ ನಿಲ್ಲುವುದು ಇಂಥ ಪ್ರಶ್ನೆಗಳೇ.

ಯಾವ ಅರ್ಜಿ?

ಇದನ್ನು ಬೇಗ ಹೇಳಿ ಮುಗಿಸ್ತೀನಿ, ವಕೀಲರು ಹೇಗೂ ಹೇಳ್ತಾರೆ. ಪೊಲೀಸರ ವರ್ತನೆಯ ವಿರುದ್ಧ ನಿರ್ದೇಶನ ಬೇಕಾದರೆ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ. ಎಫ್‌ಐಆರನ್ನೇ ರದ್ದು ಮಾಡಿಸಬೇಕಾದರೆ ಬಿಎನ್‌ಎಸ್‌ಎಸ್ 528, ಹಳೆಯ 482. ಬಂಧನದ ಭಯ ಇದ್ದರೆ ನಿರೀಕ್ಷಣಾ ಜಾಮೀನು. ಗೊಂದಲ ಏನೆಂದರೆ ಅದರ ಹೊಸ ನಂಬರ್ ಈಗ 482! ಹಳೆಯ ಬ್ಲಾಗ್ ಓದಿ ವಕೀಲರ ಬಳಿ ಹೋಗುವವರು ಇದನ್ನು ನೆನಪಿಟ್ಟುಕೊಳ್ಳಿ. ಮನೆಯವರನ್ನು ಕರೆದೊಯ್ದು ಎಲ್ಲಿದ್ದಾರೆ ಅಂತಲೇ ಹೇಳದಿದ್ದರೆ ಹೇಬಿಯಸ್ ಕಾರ್ಪಸ್. ‘ಜೈ ಭೀಮ್’ ಸಿನಿಮಾ ನೋಡಿದವರಿಗೆ ಇದರ ಪರಿಚಯ ಇದ್ದೇ ಇದೆ. ಬೆಂಗಳೂರಿಗೇ ಬರಬೇಕಿಲ್ಲ, ಧಾರವಾಡ ಮತ್ತು ಕಲಬುರಗಿಯಲ್ಲಿ ಹೈಕೋರ್ಟ್ ಪೀಠಗಳಿವೆ.

ಆದರೆ ಹೈಕೋರ್ಟ್‌ಗೆ ನೇರವಾಗಿ ಓಡಿದರೆ ‘ಮೊದಲು ಎಲ್ಲಿಗೆ ಹೋಗಿದ್ದಿರಿ’ ಎಂಬ ಪ್ರಶ್ನೆ ಎದುರಾಗುತ್ತೆ. ತನಿಖೆ ಸರಿಯಾಗಿ ನಡೆಯುತ್ತಿಲ್ಲ ಅನ್ನುವವರು ಮೊದಲು ಎಸ್‌ಪಿ, ಆಮೇಲೆ ಮ್ಯಾಜಿಸ್ಟ್ರೇಟ್ ಬಳಿ ಹೋಗಲಿ ಎಂದು 2007ರ ಸಾಕಿರಿ ವಾಸು ತೀರ್ಪು ಹೇಳಿದೆ. ಕಿರುಕುಳದ ಅರ್ಜಿಗಳಲ್ಲೂ ಸರ್ಕಾರಿ ವಕೀಲರು ಇದನ್ನೇ ಎತ್ತುತ್ತಾರೆ. ಎಸ್‌ಪಿ ಅಥವಾ ಕಮಿಷನರ್‌ಗೆ ಒಂದು ದೂರನ್ನು ರಿಜಿಸ್ಟರ್ಡ್ ಪೋಸ್ಟ್ ಮತ್ತು ಇಮೇಲ್ ಎರಡರಲ್ಲೂ ಕಳಿಸಿ, ಸ್ವೀಕೃತಿ ಇಟ್ಟುಕೊಂಡು ಬಂದರೆ ಆ ಆಕ್ಷೇಪಣೆಗೆ ಉತ್ತರ ಇರುತ್ತೆ.

ಕೋರ್ಟ್ ಹಿಂಜರಿಯುವುದಕ್ಕೆ ಇನ್ನೂ ಹಳೆಯ ಬೇರು ಇದೆ. ತನಿಖೆ ಪೊಲೀಸರ ಕೆಲಸ, ನ್ಯಾಯಾಲಯ ಅದರಲ್ಲಿ ಕೈ ಹಾಕಬಾರದು ಎಂದು 1944ರಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್ ಖ್ವಾಜಾ ನಜೀರ್ ಅಹ್ಮದ್ ಪ್ರಕರಣದಲ್ಲಿ ಹೇಳಿದ್ದನ್ನು ನಮ್ಮ ಕೋರ್ಟ್‌ಗಳು ಇಂದಿಗೂ ಉಲ್ಲೇಖಿಸುತ್ತವೆ. ವಸಾಹತು ಆಡಳಿತದ ಪೊಲೀಸರಿಗೆ ಸಿಕ್ಕ ಆ ಸ್ವಾತಂತ್ರ್ಯವನ್ನು ಗಣರಾಜ್ಯದ ಪೊಲೀಸರಿಗೂ ಹಾಗೇ ದಾಟಿಸಿದ್ದು ನನಗೆ ಸರಿ ಕಾಣಲ್ಲ. 2021ರಲ್ಲಿ ನಿಹಾರಿಕಾ ಇನ್‌ಫ್ರಾಸ್ಟ್ರಕ್ಚರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಎಫ್‌ಐಆರ್ ರದ್ದು ಕೋರಿದ ಅರ್ಜಿಗಳಲ್ಲಿ ‘ಬಲವಂತದ ಕ್ರಮ ಕೈಗೊಳ್ಳಬೇಡಿ’ ಎಂಬ ಮಧ್ಯಂತರ ಆದೇಶವನ್ನು ಕಾರಣ ಕೊಡದೆ, ವಾಡಿಕೆಯಂತೆ ಕೊಡಬಾರದು ಎಂದು ಹೈಕೋರ್ಟ್‌ಗಳಿಗೆ ತಾಕೀತು ಮಾಡಿತು. ಪ್ರಭಾವಿಗಳು ಇಂಥ ಆದೇಶ ಹಿಡಿದು ತನಿಖೆಯನ್ನೇ ಉಸಿರುಗಟ್ಟಿಸುತ್ತಿದ್ದರು ಅನ್ನೋದು ಸುಳ್ಳಲ್ಲ. ಸಂತ್ರಸ್ತರ ಕಡೆಯಿಂದ ನೋಡಿದರೆ, ಆರೋಪಿ ಪ್ರತಿ ನೋಟಿಸ್‌ಗೂ ಕಿರುಕುಳ ಎಂದು ಕೂಗುವುದು ಕೂಡ ಒಂದು ತಂತ್ರ.

ಏನು ಕೇಳಬೇಕು

ಅದಕ್ಕೇ ಕೋರಿಕೆಯ ಭಾಷೆ ಮುಖ್ಯ. ‘ತನಿಖೆ ನಿಲ್ಲಿಸಿ’ ಅನ್ನೋದರ ಬದಲು ‘ತನಿಖೆ ಮಾಡಲಿ, ಹೀಗೆ ಮಾಡಲಿ’ ಅನ್ನುವ ಅರ್ಜಿಗೆ ಕೋರ್ಟ್ ಬಾಗಿಲು ಹೆಚ್ಚು ತೆರೆಯುತ್ತೆ. ಲಿಖಿತ ನೋಟಿಸ್ ಇಲ್ಲದೆ ಕರೆಯಬಾರದು, ನೋಟಿಸ್‌ಗೂ ಹಾಜರಾತಿಗೂ ನಡುವೆ ಇಂತಿಷ್ಟು ದಿನ ಇರಬೇಕು, ಹಗಲು ಇಂಥ ಗಂಟೆಯಿಂದ ಇಂಥ ಗಂಟೆಯೊಳಗೆ ವಿಚಾರಣೆ ಮುಗಿಯಬೇಕು, ಬಂದ ಮತ್ತು ಹೋದ ಸಮಯ ಠಾಣಾ ದಿನಚರಿಯಲ್ಲಿ ನಮೂದಾಗಬೇಕು, ಮೊಬೈಲ್ ತೆಗೆದುಕೊಂಡರೆ ಜಪ್ತಿ ಮಹಜರು ಮತ್ತು ಸ್ವೀಕೃತಿ ಕೊಡಬೇಕು. ವಕೀಲರು ಕಣ್ಣಿಗೆ ಕಾಣುವ, ಆದರೆ ಮಾತು ಕೇಳಿಸದ ದೂರದಲ್ಲಿ ಇರಲು ಸುಪ್ರೀಂ ಕೋರ್ಟ್ ಹಿಂದೆ ಅವಕಾಶ ಕೊಟ್ಟಿದೆ, ಅದನ್ನೂ ಕೇಳಬಹುದು. ಬಂಧಿತರಿಗಾದರೆ ವಿಚಾರಣೆ ವೇಳೆ ವಕೀಲರನ್ನು ಭೇಟಿಯಾಗುವ ಹಕ್ಕು ಬಿಎನ್‌ಎಸ್‌ಎಸ್ 38ರಲ್ಲೇ ಇದೆ, ವಿಚಾರಣೆ ಪೂರ್ತಿ ಜೊತೆಗಿರುವ ಹಕ್ಕು ಅಲ್ಲ.

ಮತ್ತೆ ಸಿಸಿಟಿವಿ. 2020ರ ಡಿಸೆಂಬರ್‌ನಲ್ಲಿ ಪರಮ್‌ವೀರ್ ಸಿಂಗ್ ಸೈನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಪ್ರತಿ ಠಾಣೆಯ ಬಾಗಿಲು, ಲಾಕಪ್, ಕಾರಿಡಾರ್, ಅಧಿಕಾರಿಗಳ ಕೊಠಡಿ ಎಲ್ಲ ಕಡೆ ಕ್ಯಾಮೆರಾ ಇರಬೇಕು, ದೃಶ್ಯಾವಳಿ 18 ತಿಂಗಳು ಉಳಿಯಬೇಕು ಎಂದು ಆದೇಶಿಸಿತು. ಬೆಂಚಿನ ಮೇಲೆ ಎಂಟು ಗಂಟೆ ಕೂರಿಸಿದ್ದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ? ಆದರೆ ಕೇಳುವುದು ತಡವಾದಷ್ಟೂ ‘ಕ್ಯಾಮೆರಾ ರಿಪೇರಿಯಲ್ಲಿತ್ತು’ ಎಂಬ ಉತ್ತರ ಗ್ಯಾರಂಟಿ. ಅದಕ್ಕೆ ಠಾಣೆಗೆ ಹೋಗಿ ಬಂದ ದಿನವೇ, ಇಂಥ ದಿನದ ಇಂಥ ಸಮಯದ ದೃಶ್ಯ ಉಳಿಸಿ ಎಂದು ಎಸ್‌ಪಿಗೆ ಬರೆಯಬೇಕು. ಕೋರ್ಟ್‌ಗೆ ಹೋದಾಗ ಮೊದಲ ದಿನವೇ ಆ ಆದೇಶ ಕೇಳಬೇಕು.

ಸೂರತ್‌ನಲ್ಲಿ ನಡೆದದ್ದು ನೋಡಿ. ಒಬ್ಬರಿಗೆ 2023ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಮಧ್ಯಂತರ ನಿರೀಕ್ಷಣಾ ಜಾಮೀನು ಕೊಟ್ಟಿತ್ತು. ಅದಿದ್ದೂ ಪೊಲೀಸರು ಕಸ್ಟಡಿಗೆ ಕೇಳಿದರು, ಮ್ಯಾಜಿಸ್ಟ್ರೇಟ್ ಕೊಟ್ಟೂಬಿಟ್ಟರು. ಕಸ್ಟಡಿಯಲ್ಲಿ ಹೊಡೆದರು ಎಂದು ಅವರು ದೂರಿದಾಗ, ಆ ದಿನಗಳಲ್ಲಿ ಠಾಣೆಯ ಕ್ಯಾಮೆರಾ ಕೆಲಸ ಮಾಡುತ್ತಿರಲಿಲ್ಲ ಎಂಬ ಉತ್ತರ ಬಂತು. 2024ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಇನ್‌ಸ್ಪೆಕ್ಟರ್ ಮತ್ತು ಮ್ಯಾಜಿಸ್ಟ್ರೇಟ್ ಇಬ್ಬರನ್ನೂ ನ್ಯಾಯಾಂಗ ನಿಂದನೆಯ ತಪ್ಪಿತಸ್ಥರು ಎಂದಿತು. ಉಲ್ಲಂಘನೆ ಸಾಬೀತಾಗಿದ್ದು ಆದೇಶದಲ್ಲಿ ಅನುಮಾನಕ್ಕೆ ಎಡೆ ಇಲ್ಲದ್ದರಿಂದ. ‘ಕಾನೂನು ಪಾಲಿಸಿ’ ಎಂಬ ಆದೇಶವನ್ನು ಮೀರಿದ್ದಾರೆ ಎಂದು ತೋರಿಸೋದು ಬಹಳ ಕಷ್ಟ. ‘ಸಂಜೆ 5ರ ನಂತರ ಕೂರಿಸಬೇಡಿ’ ಅನ್ನೋದನ್ನು ಮೀರಿದ್ದಕ್ಕೆ ಗಡಿಯಾರವೇ ಸಾಕ್ಷಿ.

ಅಧಿಕಾರಿಗೆ ಶಿಕ್ಷೆ ಆಗುತ್ತಾ?

ಇಲ್ಲಿ ಹೇಳೋಕೆ ಒಳ್ಳೆಯ ಸುದ್ದಿ ಕಡಿಮೆ. ಪರಿಹಾರ ಕೊಡಿಸುವ ಅಧಿಕಾರ ರಿಟ್ ನ್ಯಾಯಾಲಯಕ್ಕಿದೆ. 1983ರ ರುದುಲ್ ಸಾಹ್, 1993ರ ನೀಲಾವತಿ ಬೆಹೆರಾ ತೀರ್ಪುಗಳಿಂದ ಅದು ಸ್ಥಾಪಿತ. ತಪ್ಪೊಪ್ಪಿಗೆಗಾಗಿ ಹೊಡೆಯುವುದು ಭಾರತೀಯ ನ್ಯಾಯ ಸಂಹಿತೆಯ 120ರಡಿ ಅಪರಾಧ. ಆದರೆ ಕರ್ನಾಟಕದಲ್ಲಿ ಪೊಲೀಸ್ ಕಾಯ್ದೆ 1963ರ ಸೆಕ್ಷನ್ 170 ಎಂಬ ಗೋಡೆ ಇದೆ: ಕರ್ತವ್ಯದ ಹೆಸರಿನಲ್ಲಿ ಮಾಡಿದ ಕೃತ್ಯಕ್ಕೆ ಮೊಕದ್ದಮೆ ಹೂಡಲು ಸರ್ಕಾರದ ಪೂರ್ವಾನುಮತಿ ಬೇಕು. 2020ರಲ್ಲಿ ಕರ್ನಾಟಕದಿಂದಲೇ ಹೋದ ಡಿ. ದೇವರಾಜ ಪ್ರಕರಣದಲ್ಲಿ, ಕಸ್ಟಡಿಯಲ್ಲಿ ಹಿಂಸಿಸಿದ ಆರೋಪ ಇದ್ದ ಪೊಲೀಸ್ ಅಧಿಕಾರಿಯ ವಿರುದ್ಧದ ಕೇಸನ್ನು ಸುಪ್ರೀಂ ಕೋರ್ಟ್ ಅನುಮತಿ ಇಲ್ಲ ಎಂಬ ಕಾರಣಕ್ಕೆ ರದ್ದು ಮಾಡಿತು. ಕರ್ತವ್ಯದ ಮಿತಿ ಮೀರಿದ್ದರೂ ಕೃತ್ಯಕ್ಕೂ ಕರ್ತವ್ಯಕ್ಕೂ ತಕ್ಕಮಟ್ಟಿನ ನಂಟಿದ್ದರೆ ಸಾಕು, ಅನುಮತಿ ಬೇಕೇ ಬೇಕು ಅನ್ನೋದು ಅದರ ತಿರುಳು. ಅನುಮತಿ ಕೊಡಬೇಕಾದ ಸರ್ಕಾರವೇ ಆ ಪೊಲೀಸರ ಯಜಮಾನ. 2006ರ ಪ್ರಕಾಶ್ ಸಿಂಗ್ ತೀರ್ಪಿನ ಫಲವಾಗಿ ರಾಜ್ಯದಲ್ಲಿ ಪೊಲೀಸ್ ದೂರು ಪ್ರಾಧಿಕಾರ ಇದೆ. ಅಲ್ಲಿ ದೂರು ಕೊಡಬಹುದು, ಕೊಡಬೇಕು ಕೂಡ. ಈ ಬರಹ ಓದುವ ಎಷ್ಟು ಜನಕ್ಕೆ ಅದು ಇರೋದೇ ಗೊತ್ತಿತ್ತು ಹೇಳಿ.

ಕಾನೂನು ಬಲ್ಲವರಿಗೇ ಇದು ಎಷ್ಟು ಭಾರ ಅನ್ನೋದು 2024ರ ನವೆಂಬರ್‌ನಲ್ಲಿ ಬೆಂಗಳೂರಿಗೆ ಗೊತ್ತಾಯಿತು. ಭೋವಿ ಅಭಿವೃದ್ಧಿ ನಿಗಮದ ಹಗರಣದಲ್ಲಿ ಸಿಐಡಿ ವಿಚಾರಣೆ ಎದುರಿಸುತ್ತಿದ್ದ ಯುವ ವಕೀಲೆಯೊಬ್ಬರು ಪ್ರಾಣ ಕಳೆದುಕೊಂಡರು. ಬರೆದಿಟ್ಟ ಪತ್ರದಲ್ಲಿ ತನಿಖಾಧಿಕಾರಿಯ ವಿರುದ್ಧ ಕಿರುಕುಳದ ಆರೋಪಗಳಿದ್ದವು. ವಕೀಲರ ಸಂಘ ಬೀದಿಗಿಳಿಯಿತು, ಕೋರ್ಟ್ ಮೆಟ್ಟಿಲೂ ಏರಿತು. ಹೈಕೋರ್ಟ್ ವಿಶೇಷ ತನಿಖಾ ತಂಡ ರಚಿಸಿತು. ಆರೋಪ ನಿಜವೋ ಅಲ್ಲವೋ ಅನ್ನೋದನ್ನು ನ್ಯಾಯಾಲಯ ತೀರ್ಮಾನಿಸಲಿ. ನನಗೆ ಕಾಡುವುದು ಬೇರೆ: ಇಂಥದ್ದೇ ಒತ್ತಡ ಅನುಭವಿಸುವ ಗಾರೆ ಕೆಲಸದವರ, ಡೆಲಿವರಿ ಹುಡುಗರ ಪರವಾಗಿ ಯಾವ ಸಂಘ ಮರುದಿನವೇ ಹೈಕೋರ್ಟ್ ಮುಂದೆ ನಿಲ್ಲುತ್ತೆ?

ಅವರಿಗೆ ಇರುವ ದಾರಿ ಕಾನೂನು ಸೇವಾ ಪ್ರಾಧಿಕಾರ. ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಕಸ್ಟಡಿಯಲ್ಲಿರುವವರು, ಕೈಗಾರಿಕಾ ಕಾರ್ಮಿಕರು ಇವರೆಲ್ಲ ಆದಾಯ ಎಷ್ಟೇ ಇರಲಿ ಉಚಿತ ವಕೀಲರಿಗೆ ಅರ್ಹರು. ಉಳಿದವರಿಗೆ ಆದಾಯ ಮಿತಿ ಇದೆ. ಹೈಕೋರ್ಟ್‌ಗೂ ಪ್ರತ್ಯೇಕ ಕಾನೂನು ಸೇವಾ ಸಮಿತಿ ಇದೆ. ಸಹಾಯವಾಣಿ 15100.

ಆದೇಶ ಸಿಕ್ಕಮೇಲೆ ಮಾಡಬೇಕಾದ ಒಂದು ಕೆಲಸವನ್ನು ಬಹಳ ಜನ ಬಿಟ್ಟುಬಿಡುತ್ತಾರೆ. ದೃಢೀಕೃತ ಪ್ರತಿ ತೆಗೆದುಕೊಂಡು ಠಾಣಾಧಿಕಾರಿಗೂ ಎಸ್‌ಪಿಗೂ ತಲುಪಿಸಿ, ಸೀಲು ಸಹಿ ಹಾಕಿಸಿಕೊಳ್ಳಿ. ಠಾಣೆಯಲ್ಲಿ ತಗೊಳ್ಳಲ್ಲ ಅಂದರೆ ರಿಜಿಸ್ಟರ್ಡ್ ಪೋಸ್ಟ್ ಮಾಡಿ. ನಮಗೆ ಆದೇಶ ಬಂದೇ ಇಲ್ಲ ಅನ್ನೋದು ಠಾಣೆಯ ಮೊದಲ ಸಬೂಬು. ಮತ್ತೆ ಫೋನ್ ಬಂದರೆ ತಾರೀಖು, ಸಮಯ, ನಂಬರ್ ಬರೆದಿಡಿ, ಕಾಲ್ ಲಾಗ್‌ನ ಸ್ಕ್ರೀನ್‌ಶಾಟ್ ತೆಗೆದಿಡಿ. ನ್ಯಾಯಾಂಗ ನಿಂದನೆ ಅರ್ಜಿ ಹಾಕಲು ಉಲ್ಲಂಘನೆಯಾದ ದಿನದಿಂದ ಒಂದು ವರ್ಷ ಸಮಯ ಇರುತ್ತೆ.